ಮೆಸ್ ಮೇಜಿನ ಮೇಲೊಂದು ಕಪ್ಪು ಬಾಟಲಿ

ಬ್ರಿಟಿಷ್ ಸೇನಾಧಿಕಾರಿ ಲಾರ್ಡ್ ಕಾರ್ಡಿಗನ್ ಅಂದರೆ ಜಾಸ್ತಿ ಜನಕ್ಕೆ ನೆನಪಾಗುವುದು ಅವನ ಹೆಸರು ಹೊತ್ತ, ಗುಂಡಿ ಹಾಕುವ ಸ್ವೆಟರ್, ಇಲ್ಲವೇ ಕ್ರೈಮಿಯಾ ಯುದ್ಧದಲ್ಲಿ ಅವನು ಮುನ್ನಡೆಸಿದ ಲೈಟ್ ಬ್ರಿಗೇಡ್ ಅನ್ನುವ ಅಶ್ವಸೇನೆ. ನನಗೆ ಮಾತ್ರ ಒಂದು ವೈನ್ ಬಾಟಲಿ ನೆನಪಾಗುತ್ತದೆ.

ಹುಟ್ಟಿದ್ದು 1797ರಲ್ಲಿ, ದೊಡ್ಡ ಜಮೀನ್ದಾರಿ ಮನೆತನದಲ್ಲಿ. ಸೇನೆಗೆ ಸೇರಿದಾಗ 26 ವರ್ಷ. 1832ಕ್ಕೆಲ್ಲ 15ನೇ ಹುಸಾರ್ಸ್ ಅಶ್ವದಳ ಇವನ ಕೈಯಲ್ಲಿ. ಅಷ್ಟರೊಳಗೆ ಒಂದು ಯುದ್ಧವನ್ನೂ ಕಂಡಿರಲಿಲ್ಲ! ಆಗ ಬ್ರಿಟಿಷ್ ಸೇನೆಯಲ್ಲಿ ಹುದ್ದೆಯನ್ನು ದುಡ್ಡು ಕೊಟ್ಟು ಕೊಳ್ಳುವ ಪದ್ಧತಿ ಇತ್ತು. ಸರ್ಕಾರಿ ದರಕ್ಕಿಂತ ಎಷ್ಟೋ ಪಟ್ಟು ಜಾಸ್ತಿ, 35,000 ಪೌಂಡಿಗೂ ಮೇಲೆ ಸುರಿದ ಅಂತ ಆಗಿನವರ ಮಾತು. ನಮ್ಮಪ್ಪ ಭಾರತೀಯ ಸೇನೆಯ ಎಂಇಜಿಯಲ್ಲಿ (ಮದ್ರಾಸ್ ಎಂಜಿನಿಯರ್ ಗ್ರೂಪ್) ಹವಾಲ್ದಾರರಾಗಿದ್ದವರು. ತೋಳಿನ ಮೂರನೇ ಪಟ್ಟಿಗೆ ಅವರು ಎಷ್ಟು ಕಾದರು ಅಂತ ಅಮ್ಮ ಈಗಲೂ ಹೇಳುತ್ತಾರೆ. ಅದಕ್ಕೇ ಇರಬೇಕು, ಇವನ ಕಥೆ ಓದುವಾಗ ನನಗೆ ಮೈ ಉರಿಯುತ್ತದೆ.

ಕೈಕೆಳಗಿನ ಕ್ಯಾಪ್ಟನ್ ಒಬ್ಬನ ಮೇಲೆ ಕೋರ್ಟ್ ಮಾರ್ಷಲ್ ಹೂಡಿದ. ಕ್ಯಾಪ್ಟನ್ ಗೆದ್ದ, 1834ರಲ್ಲಿ ಇವನ ಕುರ್ಚಿಯೇ ಹೋಯಿತು. ಆದರೆ ಎರಡೇ ವರ್ಷಕ್ಕೆ ಇನ್ನೊಂದು ದಳ ಸಿಕ್ಕಿತು. ಅದೇ 11ನೇ ಲೈಟ್ ಡ್ರಗೂನ್ಸ್. ಈ ದಳ ಬಹಳ ವರ್ಷ ಭಾರತದಲ್ಲಿತ್ತು, ಭರತಪುರದ ಕೋಟೆ ಮುತ್ತಿಗೆಯಲ್ಲೂ ಇತ್ತು. ಅಲ್ಲಿ ಬಿಸಿಲಲ್ಲಿ ಬೆಂದು ಬಂದ ಆಫೀಸರುಗಳನ್ನು ಕಂಡರೆ ಕಾರ್ಡಿಗನ್‌ಗೆ ಆಗುತ್ತಿರಲಿಲ್ಲ. 'ಇಂಡಿಯನ್' ಆಫೀಸರ್ ಅನ್ನುವುದೇ ಅವನ ಬಾಯಲ್ಲಿ ಬೈಗುಳ. ಸ್ವಂತ ದುಡ್ಡಲ್ಲಿ ಸಿಪಾಯಿಗಳಿಗೆ ಝಗಮಗ ಸಮವಸ್ತ್ರ ಹೊಲಿಸಿದ. ಪ್ಯಾಂಟಿನ ಬಣ್ಣ ಚೆರಿ ಕೆಂಪು!

1840ರ ಮೇ ತಿಂಗಳು, ದಳದ ಆಫೀಸರುಗಳು ಊಟ ಮಾಡುವ ಮೆಸ್‌ನಲ್ಲಿ ಔತಣ. ಕ್ಯಾಪ್ಟನ್ ಜಾನ್ ರೆನಾಲ್ಡ್ಸ್ ಅತಿಥಿಗಾಗಿ ಮೊಸೆಲ್ ವೈನ್ ತರಿಸಿದ. ಅದನ್ನು ಗಾಜಿನ ಹೂಜಿಗೆ ಬಗ್ಗಿಸದೆ ಕಪ್ಪು ಬಾಟಲಿಯಲ್ಲೇ ಮೇಜಿಗೆ ತಂದಿಟ್ಟರು. ಅದು ಪೋರ್ಟರ್ ಅನ್ನುವ ಅಗ್ಗದ ಕಪ್ಪು ಬಿಯರ್ ಅಂದುಕೊಂಡು ಕಾರ್ಡಿಗನ್ ಕೆಂಡವಾದ. ನನ್ನ ಮೆಸ್ ಏನು ಹೆಂಡದಂಗಡಿಯಾ ಅನ್ನೋ ಸಿಟ್ಟು. ಮಾತಿಗೆ ಮಾತು ಬೆಳೆದು ರೆನಾಲ್ಡ್ಸ್ ಬಂಧನಕ್ಕೊಳಗಾದ. ಸುದ್ದಿ ಪೇಪರಿಗೆ ಬಿತ್ತು. ಆಮೇಲೆ ಕಾರ್ಡಿಗನ್ ನಾಟಕಕ್ಕೆ ಹೋದರೂ ಜನ 'ಬ್ಲ್ಯಾಕ್ ಬಾಟಲ್' ಅಂತ ಕೂಗುತ್ತಿದ್ದರು.

ಅದೇ ವರ್ಷ ಸೆಪ್ಟೆಂಬರಿನಲ್ಲಿ, ತನ್ನ ವಿರುದ್ಧ ಪೇಪರಿಗೆ ಬರೆದ ಮಾಜಿ ಆಫೀಸರ್ ಹಾರ್ವೆ ಟಕೆಟ್ ಜೊತೆ ವಿಂಬಲ್ಡನ್ ಬಯಲಲ್ಲಿ ಪಿಸ್ತೂಲು ಕಾಳಗ. ಟಕೆಟ್‌ಗೆ ಗುಂಡು ತಗುಲಿ ಗಾಯವಾಯಿತು. 1841ರಲ್ಲಿ ಹೌಸ್ ಆಫ್ ಲಾರ್ಡ್ಸ್‌ನಲ್ಲಿ, ಅಂದರೆ ಪಾರ್ಲಿಮೆಂಟಿನ ಲಾರ್ಡ್‌ಗಳ ಸದನದಲ್ಲಿ, ವಿಚಾರಣೆ. ಆರೋಪಪಟ್ಟಿಯಲ್ಲಿದ್ದದ್ದು ಹಾರ್ವೆ ಗಾರ್ನೆಟ್ ಫಿಪ್ಸ್ ಟಕೆಟ್ ಅನ್ನುವ ಪೂರ್ತಿ ಹೆಸರು. ಗುಂಡು ತಗುಲಿದ ಕ್ಯಾಪ್ಟನ್ ಹಾರ್ವೆ ಟಕೆಟ್ ಅವನೇ ಅಂತ ಸಾಬೀತಾಗಲಿಲ್ಲವಂತೆ! ಕಾರ್ಡಿಗನ್ ಬಿಡುಗಡೆಯಾದ. ತೀರ್ಪು ಕೊಟ್ಟವರೆಲ್ಲ ಅವನ ಸರೀಕರೇ.

ಕ್ರೈಮಿಯಾದ ಬಾಲಾಕ್ಲಾವಾದಲ್ಲಿ ಲೈಟ್ ಬ್ರಿಗೇಡ್ ರಷ್ಯದ ಫಿರಂಗಿಗಳ ಮೇಲೆ ನುಗ್ಗಿದ ಕಥೆ ಎಲ್ಲರಿಗೂ ಗೊತ್ತಿರುವುದೇ. 1854ರ ಅಕ್ಟೋಬರ್ 25, ಗೊಂದಲದ ಆಜ್ಞೆ, ಸುಮಾರು 670 ಸವಾರರು, ನೂರಕ್ಕೂ ಹೆಚ್ಚು ಹೆಣ. ಧೈರ್ಯದ ವಿಷಯದಲ್ಲಿ ಅವನನ್ನು ಆಡಿಕೊಳ್ಳುವ ಹಾಗಿಲ್ಲ. ಎಲ್ಲರಿಗಿಂತ ಮುಂದೆ, ಹಿಂದೆ ತಿರುಗಿ ನೋಡದೆ ರಷ್ಯದ ಫಿರಂಗಿಗಳವರೆಗೂ ಹೋದ. ಅಲ್ಲಿಂದ ಮಾತ್ರ ತಿರುಗಿ ಬಂದುಬಿಟ್ಟ. ಶತ್ರು ಸಿಪಾಯಿಗಳ ಜೊತೆ ಕೈ ಮಿಲಾಯಿಸುವುದು ಜನರಲ್ಲನ ಕೆಲಸ ಅಲ್ಲ ಅನ್ನುವುದು ಅವನ ವಾದ. ಹಿಂದೆ ಬಂದವರು ಏನಾದರು ಅನ್ನುವುದು? ಅದನ್ನು ನೋಡುತ್ತ ಅಲ್ಲಿ ನಿಲ್ಲಲಿಲ್ಲ. ರಾತ್ರಿ ಮಲಗಲು ಬಂದರಿನಲ್ಲಿ ಅವನ ಸ್ವಂತ ಹಡಗೇ ಇತ್ತು.

ಊರಿಗೆ ಬಂದಾಗ ಹೀರೋ. ಆಮೇಲೆ ಒಬ್ಬ ಆಫೀಸರ್, ಇವನು ಫಿರಂಗಿವರೆಗೆ ಹೋಗಲೇ ಇಲ್ಲ ಅಂತ ಪುಸ್ತಕ ಬರೆದ. 1863ರಲ್ಲಿ ಕಾರ್ಡಿಗನ್ ಕೋರ್ಟಿಗೆ ಹೋದ. ಕೇಸು ಬಿದ್ದುಹೋಯಿತು, ಆದರೆ ಹೋಗಿದ್ದು ನಿಜ ಅಂತ ಜನಕ್ಕೆ ಖಾತ್ರಿಯಾಯಿತು. 1868ರಲ್ಲಿ ಕುದುರೆಯಿಂದ ಬಿದ್ದು ಸತ್ತ. ಹುದ್ದೆ ಮಾರುವ ಪದ್ಧತಿ ನಿಂತದ್ದು 1871ರಲ್ಲಿ.