ಮಗ್ಗದ ಸದ್ದು, ಕಂಪ್ಯೂಟರಿನ ಸದ್ದು: ಕಿರುಚಿತ್ರದ ಐದನೇ ವಾರ

ಈ ವಾರ ಗುಳೇದಗುಡ್ಡದಲ್ಲಿ ಎರಡು ದಿನ ಚಿತ್ರೀಕರಣ ಆಯ್ತು. ಮೊದಲ ದಿನದ್ದು ಪೂರ್ತಿ ಹಾಳು. ದೃಶ್ಯ ಚೆನ್ನಾಗಿ ಬಂದಿದೆ, ಸದ್ದೇ ಇಲ್ಲ. ಮಗ್ಗದ ಬಡಿತವನ್ನು ಫೋನು ಗದ್ದಲ ಅಂತ ತಿಳಿದು ತಾನೇ ಅಡಗಿಸಿಬಿಟ್ಟಿದೆ. ನನಗೆ ಬೇಕಾಗಿದ್ದೇ ಅದು! ಮರುದಿನ ಒಂದು ರೆಕಾರ್ಡರ್ ಒಯ್ದು, ಬಟ್ಟೆ ಸುತ್ತಿ, ಮಗ್ಗದ ಕುಣಿಯೊಳಗೇ ಇಟ್ಟೆ.

ಮೊದಮೊದಲ ಕಂಪ್ಯೂಟರ್‌ಗಳ ಜೊತೆ ಮನುಷ್ಯ ಹೇಗೆ ಹೊಂದಿಕೊಂಡ ಅನ್ನೋದು ನನ್ನ ಚಿತ್ರದ ವಿಷಯ. ಮಗ್ಗ ಯಾಕೆ ಅಂದರೆ, ಫ್ರಾನ್ಸಿನ ಜಕಾರ್ಡ್ 1804ರ ಹೊತ್ತಿಗೆ ತೂತಿನ ಕಾರ್ಡುಗಳಿಂದ ಮಗ್ಗ ನಡೆಸಿದ್ದ. ಆ ಉಪಾಯವನ್ನೇ ಇಂಗ್ಲೆಂಡಿನ ಗಣಿತಜ್ಞ ಬ್ಯಾಬೇಜ್ ತನ್ನ ಲೆಕ್ಕದ ಯಂತ್ರದ ಯೋಜನೆಗೆ ತಗೊಂಡ. ಇಲ್ಲಿ ಖಣ, ಅಂದರೆ ಕುಪ್ಪಸದ ಬಟ್ಟೆ, ನೇಯುವ ಕಾಕಾ ಅವರ ಮಗ್ಗದಲ್ಲಿರುವುದು ಡಾಬಿ, ವಿನ್ಯಾಸಕ್ಕೆ ತಕ್ಕಂತೆ ಎಳೆಗಳನ್ನು ಎತ್ತುವ ಸಾಧನ. ಮರದ ಪಟ್ಟಿ, ಅದರಲ್ಲಿ ತೂತು, ತೂತಿಗೆ ಗೂಟ. ಗೂಟ ಇದ್ದರೆ ಎಳೆಗಳು ಏಳುತ್ತವೆ, ಇಲ್ಲದಿದ್ದರೆ ಇಲ್ಲ. ಒಂದು, ಸೊನ್ನೆ, ಅಷ್ಟೇ ಅಲ್ವಾ?

ಮಧ್ಯಾಹ್ನ ಕಾಕಾ ಒಮ್ಮೆಲೇ ಕಾಲು ನಿಲ್ಲಿಸಿದರು. ಬಟ್ಟೆ ನೋಡಲೇ ಇಲ್ಲ. ಕುಣಿಯಲ್ಲಿ ಕೈಯಾಡಿಸಿ, ಕಡ್ಡಿಯಷ್ಟು ಸಣ್ಣ ಗೂಟ ಹುಡುಕಿ, ಧೋತರಕ್ಕೆ ಒರೆಸಿ ತೂತಿಗೆ ಒತ್ತಿದರು. "ಹೆಂಗ್ ಗೊತ್ತಾತ್ರಿ ಕಾಕಾ?" ಅಂದೆ. "ಸಪ್ಪಳ ಬ್ಯಾರೆ ಬಂತಲ್ಲೋ ತಮ್ಮಾ."

ಅಲ್ಲಿಗೇ ಚಿತ್ರದ ದಾರಿ ಬದಲಾಯಿತು. 1951ರ ಫೆರಾಂಟಿ ಮಾರ್ಕ್ 1 ಕಂಪ್ಯೂಟರಿಗೆ ಒಂದು ಸ್ಪೀಕರ್ ಇತ್ತು. ಪ್ರೋಗ್ರಾಮಿನ ನಡುನಡುವೆ ಅದು ಕೂಗುವಂತೆ ಆದೇಶ ಸೇರಿಸಬಹುದಿತ್ತು. ಕೆಲಸ ಎಲ್ಲಿಗೆ ಬಂತು, ಎಲ್ಲಿ ಸಿಕ್ಕಿಕೊಂಡಿತು ಅನ್ನೋದನ್ನು ಮುಂದೆ ಕೂತವರು ಕಿವಿಯಿಂದಲೇ ತಿಳಿಯುತ್ತಿದ್ದರು. ಇಷ್ಟು ದಿನ ನಾನು ಯಂತ್ರವನ್ನು ನೋಡುತ್ತಿದ್ದೆ, ಕೇಳುತ್ತಿರುವ ಮನುಷ್ಯನನ್ನು ಬಿಟ್ಟುಬಿಟ್ಟಿದ್ದೆ.

ಎಡಿಟಿಂಗ್‌ನಲ್ಲಿ ಗೂಟಕ್ಕೆ ಬಿಳಿ ಚುಕ್ಕೆ, ಖಾಲಿ ತೂತಿಗೆ ಕಪ್ಪು ಮಾಡಿದೆ. ಪಟ್ಟಿಗೆ ಒಂದು ಫ್ರೇಮ್ ಕೊಟ್ಟರೆ, ಸೆಕೆಂಡಿಗೆ 24 ಫ್ರೇಮಿನ ಲೆಕ್ಕದಲ್ಲಿ ಡಾಬಿಯ 32 ಪಟ್ಟಿಗಳು ಒಂದೂವರೆ ಸೆಕೆಂಡೂ ನಿಲ್ಲಲಿಲ್ಲ. ಆರಾರು ಫ್ರೇಮ್ ಕೊಟ್ಟೆ, 8 ಸೆಕೆಂಡ್ ಆಯಿತು. ಅದೂ ಗಡಿಯಾರದ ಲಯವೇ. ಈಗ ಕಾಕಾ ಅವರ ಕಾಲು ತುಳಿದಾಗ ಮಾತ್ರ ಚುಕ್ಕೆ ಬದಲಾಗುತ್ತೆ. ಅವರು ನೂಲು ಸುತ್ತಿದ ಕಂಡಿಕೆ ಬದಲಿಸಲು ನಿಂತರೆ ಪರದೆಯೂ ನಿಲ್ಲುತ್ತೆ. ಇದು ನನಗೆ ತುಂಬಾ ಹಿಡಿಸಿದೆ.

ಒಂದು ಗೂಟ ಬೇಕಂತಲೇ ತೆಗೆದು ಗೇಣುದ್ದ ನೇಯ್ದು ಕೊಡ್ತೀರಾ ಅಂತ ಕೇಳಿದೆ. "ಗಿರಾಕಿ ಖಣದಾಗ ತಪ್ಪು ನೇಯಂಗಿಲ್ಲ. ಬ್ಯಾರೆ ನೂಲು ತಾ" ಅಂದರು. ನಿನ್ನೆ ಸಂತೆಯಿಂದ ಕೆಂಪು ನೂಲು ತಂದಿಟ್ಟಿದ್ದೇನೆ. ಭಾನುವಾರ ಮತ್ತೆ ಗುಳೇದಗುಡ್ಡಕ್ಕೆ.