ಅಪ್ಪ ಕಂಡ ಕೆರಿ ಅಂಗಳ

ಕೆನಡಾದ ಟೊರಾಂಟೊದಿಂದ ಉತ್ತರಕ್ಕಿರುವ ಟಿಮ್ಮಿನ್ಸ್‌ಗೆ ಸುಮಾರು 700 ಕಿಲೋಮೀಟರು. ನನ್ನ ಹೆಂಡತಿಯ ತಮ್ಮ ಅಲ್ಲಿ ಓದುತ್ತಿದ್ದ. ಗದಗಿನಿಂದ ಬರುವಾಗ ಅಪ್ಪ ಅವನಿಗೆಂದೇ ಕಡಕ್ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಸಿಕೊಂಡು ಬಂದಿದ್ದರು. ಕೊರಿಯರ್ ಮಾಡೋಣ ಅಂದೆ.

"ರೊಟ್ಟಿ ಪುಡಿ ಆಗತಾವ. ನಾವೇ ಹೋಗೋಣು."

ರೊಟ್ಟಿ ಸುಮ್ನೆ ನೆಪ. ಎರಡು ವಾರದಿಂದ ಅಪಾರ್ಟ್‌ಮೆಂಟಿನ ಹನ್ನೊಂದನೇ ಮಹಡಿಯಲ್ಲಿ ಕೂತು ಅವರಿಗೆ ಬೇಜಾರು ಬಂದಿತ್ತು.

ಜುಲೈ ಮೂರನೇ ವಾರ. ಹೈವೇ 11 ಹಿಡಿದೆವು. ನಾರ್ತ್ ಬೇ ಊರಿನವರೆಗೆ ನಾಲ್ಕು ಲೇನು, ಹೇಳುವಂಥದ್ದೇನಿಲ್ಲ. ಅಲ್ಲಿಂದಾಚೆ ಹೋಗಲು ಒಂದು, ಬರಲು ಒಂದು. ಎರಡೂ ಕಡೆ ಕಾಡು. ಪೈನ್, ಸ್ಪ್ರೂಸ್, ಬಿಳಿ ತೊಗಟೆಯ ಬರ್ಚ್. ನಡುವೆ ರಸ್ತೆಗಾಗಿ ಸಿಡಿಸಿದ ಬಂಡೆ, ಅದರ ಬೆನ್ನಿಗೇ ಒಂದು ಕೆರೆ, ಮತ್ತೆ ಬಂಡೆ. ಟೆಮಾಗಾಮಿ ಹತ್ತಿರ ಫೋನಿನ ಸಿಗ್ನಲ್ ಹೋಯಿತು. ಮುಂದೆ ಮರದ ದಿಮ್ಮಿ ತುಂಬಿದ ಲಾರಿ. ಓವರ್‌ಟೇಕ್ ಮಾಡುವ ಲೇನು ಸಿಗುವವರೆಗೆ ಅದರ ಬಾಲ ಹಿಡಿದು ಹೋಗುವುದೇ. ಮೂಸ್ ಅನ್ನುವ ಭಾರಿ ಜಿಂಕೆ ಅಡ್ಡ ಬರಬಹುದು, ರಾತ್ರಿ ಹುಷಾರು ಅನ್ನುವ ಬೋರ್ಡುಗಳನ್ನು ಅಪ್ಪ ಎಣಿಸುತ್ತಿದ್ದರು. ಸ್ವಲ್ಪ ಹೊತ್ತಿಗೆ ಅದನ್ನೂ ಬಿಟ್ಟರು.

"ತಮ್ಮಾ, ಇಲ್ಲಿ ಮಂದಿ ಏನು ಬೆಳೀತಾರ? ಕಲ್ಲಾ?"

ನ್ಯೂ ಲಿಸ್ಕರ್ಡ್ ಹತ್ತಿರ ಬಂದಾಗ ಕಾಡು ಒಮ್ಮೆಲೇ ಸರಿದು ನಿಂತಿತು. ಪರದೆ ಎಳೆದ ಹಾಗೆ ಅಂತ ಬರೆಯಲು ಹೊರಟಿದ್ದೆ, ಆದರೆ ಅದಕ್ಕಿಂತ ಸರಳ ಅದು. ಬಂಡೆಯ ಸುಳಿವಿಲ್ಲ. ಬಯಲು, ಬಯಲು, ಬಯಲು. ದನದ ಕೊಟ್ಟಿಗೆಗಳು, ಕಾಳು ತುಂಬುವ ಉಕ್ಕಿನ ಕಣಜಗಳು, ಓಟ್ಸ್, ಬಾರ್ಲಿ, ಮಧ್ಯೆ ಹಳದಿ ಹೂವಿನ ಹೊಲ. ಅಪ್ಪ ಸೀಟಿನಲ್ಲಿ ನೆಟ್ಟಗೆ ಕೂತರು.

"ಸಾಸಿವಿ ಅಲ್ಲೇನು ಅದು?"

ಅದು ಕನೋಲಾ. ಸಾಸಿವೆಯ ಕುಟುಂಬದ್ದೇ. ನಾನು ಇಷ್ಟು ವರ್ಷ ಅದರ ಎಣ್ಣೆಯಲ್ಲೇ ಒಗ್ಗರಣೆ ಹಾಕಿದ್ದೇನೆ, ಈ ಸಂಬಂಧ ಗೊತ್ತಿರಲಿಲ್ಲ.

ಅರ್ಲ್ಟನ್ ಸಮೀಪ ಅಪ್ಪ ಗಾಡಿ ನಿಲ್ಲಿಸು ಅಂದರು. ಹೊಲದೊಳಗೆ ಕಾಲಿಡಬೇಡಿ ಅಂತ ನಾನು ಕೂಗುತ್ತಿದ್ದೆ. ಅವರಾಗಲೇ ರಸ್ತೆ ಪಕ್ಕದ ಚರಂಡಿಗೆ ಇಳಿದು, ಕಾರಿನ ಕೀಲಿಯಿಂದ ಮಣ್ಣು ಕೆದರುತ್ತಿದ್ದರು. ಬೂದು ಬಣ್ಣದ ಜೇಡಿ. ಬೆರಳಲ್ಲಿ ಹಿಚುಕಿದರು, ಉದ್ದಕ್ಕೆ ಹೊಸೆದರು. ಚಕ್ಕುಲಿ ಎಳೆಯಂತೆ ಬಂತು, ತುಂಡಾಗಲಿಲ್ಲ.

"ಇದು ಕೆರಿ ಅಂಗಳ ಐತಿ."

"ಇಲ್ಲೆಲ್ಲಿ ಕೆರೆ ಅಪ್ಪಾ?"

"ಈಗಿಲ್ಲ. ಇತ್ತು. ನೋಡು, ಒಂದು ಹರಳಿಲ್ಲ, ಮರಳಿಲ್ಲ. ನಿಂತ ನೀರಾಗ ಕುಂತ ಮಣ್ಣಿದು."

ನಾನು ನಕ್ಕೆ. ಕಣ್ಣು ಹಾಯುವಷ್ಟೂ ಕೆರೆ ಅಂದರೆ ಯಾರು ನಂಬುತ್ತಾರೆ?

ಅಷ್ಟರಲ್ಲಿ ಒಂದು ಪಿಕಪ್ ಟ್ರಕ್ ನಿಂತಿತು. ಕಾರು ಕೆಟ್ಟಿತಾ ಅಂತ ಕೇಳಿದರು ಅದರಲ್ಲಿದ್ದ ಹಿರಿಯರು. ಇಂಗ್ಲಿಷಿನಲ್ಲಿ ಫ್ರೆಂಚ್ ಧಾಟಿ. ಅಪ್ಪ ರೈತ ಅಂದಿದ್ದೇ ತಡ, ಅವರೂ ಇಳಿದು ಬಂದರು. ನಾನು ನಡುವೆ ದುಭಾಷಿ. ಅಪ್ಪನ ಮೊದಲ ಪ್ರಶ್ನೆ, ಎಕರೆಗೆ ಎಷ್ಟು ಚೀಲ? ಅವರು ಟನ್‌ನಲ್ಲಿ ಹೇಳಿದರು. ಲೆಕ್ಕದಲ್ಲಿ ನಾನು ಎಡವಿದೆ. ಎರಡನೆಯದು, ಒಡ್ಡು ಎಲ್ಲಿ? ಒಡ್ಡಿಗೆ ಇಂಗ್ಲಿಷ್ ಹುಡುಕಿ ಕೊನೆಗೆ ಕೈಯಲ್ಲೇ ಕಟ್ಟಿ ತೋರಿಸಿದೆ. ಅವರು ಹೊಲದ ಅಂಚಿಗೆ ಬೊಟ್ಟು ಮಾಡಿದರು. ಕಪ್ಪು ಪ್ಲಾಸ್ಟಿಕ್ ಪೈಪಿನ ದೊಡ್ಡ ಸುರುಳಿಗಳು, ಮೈತುಂಬ ಸಣ್ಣ ತೂತು. ಅವನ್ನು ಮಣ್ಣಿನಡಿ ಸಾಲುಸಾಲಾಗಿ ಹೂಳುತ್ತಾರಂತೆ. ಹಿಮ ಕರಗಿದಾಗ ಈ ಜೇಡಿಯಲ್ಲಿ ನೀರು ಇಂಗುವುದೇ ಇಲ್ಲ, ಟ್ರ್ಯಾಕ್ಟರ್ ಹೂತುಹೋಗುತ್ತದೆ. ಪೈಪಿದ್ದರೆ ನೀರು ಹೊರಗೆ, ಬಿತ್ತನೆ ಬೇಗ.

ಅಪ್ಪ ಪೂರ್ತಿ ಕೇಳಿ ನನ್ನ ಕಡೆ ತಿರುಗಿದರು. "ನಾವು ಹನಿ ನೀರಿಗೆ ಬಾಯಿ ಬಿಡತೀವಿ. ಇವರು ರೊಕ್ಕಾ ಕೊಟ್ಟು ಹೊರಗ ಹಾಕತಾರ." ಇದನ್ನು ನಾನು ಅನುವಾದಿಸಲಿಲ್ಲ. ಆದರೂ ಆ ಹಿರಿಯರು ನಕ್ಕರು. ಸೊಳ್ಳೆ ಜಾಸ್ತಿಯಾಗಿ ಎಲ್ಲರೂ ಗಾಡಿ ಹತ್ತಿದೆವು.

ಸಿಗ್ನಲ್ ಇತ್ತು, ಇಂಗ್ಲ್‌ಹಾರ್ಟ್‌ನಲ್ಲಿ ಪೆಟ್ರೋಲ್ ಹಾಕಿಸುವಾಗ ಹುಡುಕಿ ನೋಡಿದೆ. ಸುಮಾರು 10,000 ವರ್ಷದ ಹಿಂದೆ ಉತ್ತರಕ್ಕೆ ಸರಿಯುತ್ತಿದ್ದ ಹಿಮದ ರಾಶಿಯ ಮುಂದೆ ಕರಗಿದ ನೀರು ನಿಂತು ದೊಡ್ಡ ಸರೋವರವಾಗಿತ್ತು. ಭೂವಿಜ್ಞಾನಿಗಳು ಅದಕ್ಕೆ ಬಾರ್ಲೋ ಅನ್ನುತ್ತಾರೆ. ಬೇಸಿಗೆಯಲ್ಲಿ ಒಂದು ಪದರ, ಚಳಿಗಾಲದಲ್ಲಿ ಇನ್ನೊಂದು ಸಣ್ಣ ಪದರ, ಹೀಗೆ ಕೂತ ಜೇಡಿ. ಸರೋವರ ಬರಿದಾಯಿತು, ತಳ ಉಳಿಯಿತು. ಓದಿ ಹೇಳಿದೆ.

"ನಾ ಏನಂದೆ?" ಅಂದರು, ಅಷ್ಟೇ.

ಮುಂದೆ ಮತ್ತೆ ಬಂಡೆ, ಮತ್ತೆ ಕಾಡು. ಕರ್ಕ್‌ಲ್ಯಾಂಡ್ ಲೇಕ್ ತಿರುವು ದಾಟಿದ ಮೇಲೆ ಒಂದು ಬೋರ್ಡು. ಇಲ್ಲಿಂದ ಉತ್ತರಕ್ಕೆ ಬಿದ್ದ ಮಳೆಯೆಲ್ಲ ಜೇಮ್ಸ್ ಕೊಲ್ಲಿಗೆ, ದಕ್ಷಿಣಕ್ಕೆ ಬಿದ್ದದ್ದು ಒಟ್ಟಾವಾ ನದಿಗೆ. ಘಟ್ಟವಿಲ್ಲ, ಏರೂ ಗೊತ್ತಾಗಲಿಲ್ಲ. ಅಪ್ಪನಿಗೆ ಮೂತ್ರಕ್ಕೆ ಹೋಗಬೇಕಿತ್ತು. ಯಾವ ಕಡೆ ಹೋಗಲಿ ಅಂತ ಬಹಳ ಗಂಭೀರವಾಗಿ ಕೇಳಿದರು.

ಮ್ಯಾಥೆಸನ್‌ನಲ್ಲಿ ಹೈವೇ 101ಕ್ಕೆ ತಿರುಗಿದೆವು. ಈ ಊರು 1916ರ ಜುಲೈ 29ರಂದು ಸುಟ್ಟುಹೋಗಿತ್ತು. ಹೊಸದಾಗಿ ಬಂದ ರೈತರು ಕಾಡು ಕಡಿದು ಹಚ್ಚಿದ ಬೆಂಕಿಗಳು ಗಾಳಿಗೆ ಒಂದಾದವು. ಸರ್ಕಾರಿ ಲೆಕ್ಕದಲ್ಲೇ 223 ಸಾವು. ಅದನ್ನು ಹೇಳಿದ ಮೇಲೆ ಅಪ್ಪ ಟಿಮ್ಮಿನ್ಸ್‌ವರೆಗೆ ಮಾತಾಡಲಿಲ್ಲ. ಕಿಟಕಿಯಾಚೆ ಮತ್ತೆ ಅದೇ ಬೂದು ಜೇಡಿಯ ಹೊಲ ಕಂಡಾಗಲೂ.

ಹುಡುಗನ ಕೋಣೆ ತಲುಪಿದಾಗ ರಾತ್ರಿ ಒಂಬತ್ತು, ಇನ್ನೂ ಬೆಳಕಿತ್ತು. ಒಂದು ರೊಟ್ಟಿಯೂ ಮುರಿದಿರಲಿಲ್ಲ. ಊಟವಾದ ಮೇಲೆ ಅಪ್ಪ ಜೇಬಿನಿಂದ ಕರವಸ್ತ್ರ ತೆಗೆದರು. ಒಳಗೆ ಅರ್ಲ್ಟನ್‌ನ ಮಣ್ಣಿನ ಮುದ್ದೆ, ಕಲ್ಲಾಗಿತ್ತು. ಅದನ್ನು ಬಟ್ಟಲಿಗೆ ಹಾಕಿ ನೀರು ಹೊಯ್ದು, ಕಲಕಿ, ಕಿಟಕಿಯಲ್ಲಿಟ್ಟರು. ನೂಡಲ್ಸ್ ಮಾಡಿಕೊಳ್ಳಲು ಇರುವುದು ಅದೊಂದೇ ಬಟ್ಟಲು ಅಂತ ಹುಡುಗ ನನ್ನ ಕಿವಿಯಲ್ಲಿ ಗೊಣಗಿದ.

ಬೆಳಿಗ್ಗೆ ನೋಡಿದರೆ ತಳದಲ್ಲಿ ಬೆರಳು ದಪ್ಪದ ಕೆಸರು. ಮೇಲಿನ ನೀರು ಮಾತ್ರ ಹಾಲು ಹಾಲು.

ಚೆಲ್ಲಲಾ ಅಂದೆ.

"ಇನ್ನೂ ಕುಂತಿಲ್ಲ, ಬಿಡು" ಅಂದರು ಅಪ್ಪ.