ಕಲ್ಪನೆಯ ವಿಶ್ವಕ್ಕೆ ಲೆಕ್ಕವೇಕೆ?

ಪುಣೆಯಲ್ಲಿ ನೆಲೆಸಿ ಕನ್ನಡದಲ್ಲಿ ವಿಜ್ಞಾನ ಕಥೆ ಬರೆಯುವ ನನಗೆ ಇಲ್ಲಿನ ಕನ್ನಡ ಬಳಗದಲ್ಲಿ ಯಾರು ಸಿಕ್ಕರೂ ಕೇಳುವ ಪ್ರಶ್ನೆ ಒಂದೇ: ವಿಶ್ವವೇ ಕಲ್ಪನೆಯಾದಮೇಲೆ ಅದಕ್ಕೆ ಸಿದ್ಧಾಂತ, ಲೆಕ್ಕ ಎಲ್ಲ ಏಕೆ? ಮನಸ್ಸಿಗೆ ಬಂದಂತೆ ಬರೆದರೆ ಸಾಲದೆ?

ನನ್ನ ಕಥೆಗಳ ವಿಶ್ವದಲ್ಲಿ ಸ್ಥಳವನ್ನೂ ಕಾಲವನ್ನೂ ಬೆಸೆಯುವ ನಿಯಮ ಇಷ್ಟೇ. ಮನುಷ್ಯರು ಓಡಾಡದೆ ಬಿಟ್ಟ ದಾರಿ ತಾನಾಗಿ ಬೆಳೆಯುತ್ತದೆ, ಏಳು ದಿನಕ್ಕೊಮ್ಮೆ ಅದರ ಉದ್ದ ಇಮ್ಮಡಿಯಾಗುತ್ತದೆ. ಯಾರಾದರೂ ನಡೆದುಹೋದರೆ ಅವರು ದಾಟಿದ ಭಾಗ ಮೂಲ ಅಳತೆಗೆ ಮರಳುತ್ತದೆ, ದಾಟಬೇಕಾದ ಭಾಗ ಬೆಳೆಯುತ್ತಲೇ ಇರುತ್ತದೆ. ಗಾಳಿ, ನೀರು, ಬೆಳಕುಗಳ ಸಂಚಾರ ಇದರಲ್ಲಿ ಲೆಕ್ಕಕ್ಕಿಲ್ಲ. ಮನುಷ್ಯನ ನಡಿಗೆಗೆ ಮಾತ್ರ ಏಕೆ ಈ ಮನ್ನಣೆ ಎಂದು ಭೌತಶಾಸ್ತ್ರ ಓದಿದವರು ಆಕ್ಷೇಪಿಸುತ್ತಾರೆ. ಆ ಆಕ್ಷೇಪ ಸರಿಯಾದದ್ದೇ. ಆದರೆ ಯಾವ ಸಿದ್ಧಾಂತವೂ ಒಂದೆರಡು ಮಾತುಗಳನ್ನು ಆಧಾರವಾಗಿಟ್ಟುಕೊಂಡೇ ಹೊರಡಬೇಕಾಗುತ್ತದೆ. ಐನ್‌ಸ್ಟೈನ್ ಕೂಡ 1905ರಲ್ಲಿ, ಬೆಳಕಿನ ವೇಗ ಯಾರು ಅಳೆದರೂ ಒಂದೇ ಎಂಬುದನ್ನು ಆಧಾರವಾಗಿ ಇಟ್ಟುಕೊಂಡೇ ಮುಂದುವರಿದರು. ನನ್ನ ಸ್ವಾತಂತ್ರ್ಯ ಆ ಮೊದಲ ಮಾತಿಗೇ ಮುಗಿಯುತ್ತದೆ. ಅಲ್ಲಿಂದಾಚೆ ಏನು ನಡೆಯಬೇಕೆಂಬುದನ್ನು ನಿಯಮವೇ ಹೇಳಬೇಕು.

ನಿಯಮವನ್ನು ಹೇಳುವುದರಲ್ಲೇ ಲೆಕ್ಕದ ಕೆಲಸ ಶುರುವಾಗುತ್ತದೆ. "ಎರಡು ಊರುಗಳ ನಡುವೆ ಯಾರೂ ಹೋಗಿಬಾರದಿದ್ದರೆ ಅವುಗಳ ದೂರ ಹೆಚ್ಚುತ್ತದೆ" ಎಂದು ಹೇಳಿದರೆ ಕೇಳಲು ಚೆನ್ನಾಗಿದೆ, ಆದರೆ ಮೂರನೆಯ ಊರು ಬಂದ ಕೂಡಲೇ ಮಾತು ಬಿದ್ದುಹೋಗುತ್ತದೆ. ಪುಣೆಯಿಂದ ಖಡಕ್‌ವಾಸ್ಲಾಕ್ಕೆ ದಿನವೂ ಜನ ಹೋಗುತ್ತಾರೆ, ಖಡಕ್‌ವಾಸ್ಲಾದಿಂದ ಗುಡ್ಡದ ಮೇಲಿನ ಕೋಟೆ ಸಿಂಹಗಡಕ್ಕೆ ಬೇರೆ ಜನ ಹೋಗುತ್ತಾರೆ, ಪುಣೆಯಿಂದ ಸಿಂಹಗಡದವರೆಗೆ ಪೂರ್ತಿ ಹೋಗುವವರು ಮಾತ್ರ ಯಾರೂ ಇಲ್ಲ ಎಂದಿಟ್ಟುಕೊಳ್ಳೋಣ. ಎರಡು ತುಂಡುಗಳು ಚಿಕ್ಕವಾಗಿಯೇ ಉಳಿದು ಒಟ್ಟು ದಾರಿ ಮಾತ್ರ ಬೆಳೆಯುವುದು ಸಾಧ್ಯವಿಲ್ಲ. ತ್ರಿಕೋನದ ಒಂದು ಬಾಹು ಉಳಿದೆರಡರ ಮೊತ್ತವನ್ನು ಮೀರಲಾರದು. ಹಾಗಾಗಿ ನಿಯಮ ಊರುಗಳ ಜೋಡಿಗಲ್ಲದೆ ದಾರಿಯ ಪ್ರತಿಯೊಂದು ತುಂಡಿಗೂ ಪ್ರತ್ಯೇಕವಾಗಿ ಅನ್ವಯಿಸಬೇಕು. ಈ ಒಂದು ತಿದ್ದುಪಡಿಯಿಂದ ಆ ವಿಶ್ವದ ಸಮಾಜವೇ ಬದಲಾಗುತ್ತದೆ. ದೂರದ ಊರುಗಳನ್ನು ಹತ್ತಿರ ಉಳಿಸುವವರು ದೂರ ಹೋಗುವ ಪ್ರಯಾಣಿಕರಲ್ಲ, ತಮ್ಮ ತುಂಡನ್ನು ತಪ್ಪದೆ ನಡೆಯುವ ನಡುವಿನ ಹಳ್ಳಿಗಳವರು.

ಇನ್ನು ಸಂಖ್ಯೆಗಳು. ಪುಣೆಯಿಂದ ಸಿಂಹಗಡ ಸುಮಾರು 30 ಕಿ.ಮೀ., ಅಂದರೆ ಗಟ್ಟಿ ನಡಿಗೆಯವನಿಗೆ ಒಂದು ದಿನದ ದಾರಿ. ಆ ದಾರಿಯಲ್ಲಿ ಯಾರೂ ನಡೆಯದೆ ಹೋದರೆ ಏನಾಗುತ್ತದೆ? ಮುಂದಿನ ದಾರಿ ದಿನಕ್ಕೆ 30 ಕಿ.ಮೀ.ಗಿಂತ ಹೆಚ್ಚು ಬೆಳೆಯತೊಡಗಿದರೆ ನಡೆಯುವವನು ಹಿಂದೆ ಬೀಳುತ್ತಾನೆ. ಏಳು ದಿನಕ್ಕೆ ಇಮ್ಮಡಿಯಾಗುವ ದಾರಿಯಲ್ಲಿ ಆ ಗಡಿ 303 ಕಿ.ಮೀ.ಗೆ ಬರುತ್ತದೆ. ದಾರಿ ಪಾಳುಬಿದ್ದು 23 ದಿನವಾದಾಗ ಹೊರಟವನು 34 ದಿನ ನಡೆದು ಸಿಂಹಗಡ ಸೇರುತ್ತಾನೆ. 24 ದಿನವಾದಾಗ ಹೊರಟವನು ಜೀವಮಾನವಿಡೀ ನಡೆದರೂ ಸೇರುವುದಿಲ್ಲ. ಒಂದೇ ದಿನದ ವ್ಯತ್ಯಾಸಕ್ಕೆ ಇಷ್ಟು ಬೆಲೆ ಎಂಬುದು ಲೆಕ್ಕ ಹಾಕುವ ಮುಂಚೆ ನನಗೆ ಹೊಳೆಯುವಂಥದ್ದೇ ಆಗಿರಲಿಲ್ಲ. ಕುದುರೆ ಏರಿ ದಿನಕ್ಕೆ 60 ಕಿ.ಮೀ. ಹೋಗುವವನಾದರೂ ಊರನ್ನು ಉಳಿಸಿಯಾನೇ ಎಂದರೆ, ವೇಗ ಇಮ್ಮಡಿಯಾದುದಕ್ಕೆ ಅವನಿಗೆ ದಕ್ಕುವ ಹೆಚ್ಚಿನ ಗಡುವು ಏಳೇ ದಿನ. ಎರಡೂ ಊರಿನವರು ಒಂದೇ ದಿನ ಎದುರುಬದುರಾಗಿ ನಡೆಯತೊಡಗಿದರೂ ಸಿಗುವುದು ಅದೇ ಏಳು ದಿನ.

ವೇಗವನ್ನು ಬೆಳವಣಿಗೆಯ ದರದಿಂದ ಭಾಗಿಸಿದರೆ ಗಡಿ ಸಿಗುತ್ತದೆ ಎಂಬ ಈ ಸೂತ್ರ ನನ್ನ ಸೃಷ್ಟಿಯೇನಲ್ಲ. ನಮ್ಮ ವಿಶ್ವವೂ ಹಿಗ್ಗುತ್ತಿದೆ. ಅದರ ದರ ಪ್ರತಿ ಮೆಗಾಪಾರ್ಸೆಕ್‌ಗೆ (ಅಂದರೆ ಸುಮಾರು 33 ಲಕ್ಷ ಜ್ಯೋತಿರ್ವರ್ಷದ ದೂರಕ್ಕೆ) ಸೆಕೆಂಡಿಗೆ ಸುಮಾರು 70 ಕಿ.ಮೀ. ಬೆಳಕಿನ ವೇಗವನ್ನು ಅದರಿಂದ ಭಾಗಿಸಿದರೆ ಸುಮಾರು 1400 ಕೋಟಿ ಜ್ಯೋತಿರ್ವರ್ಷ ಬರುತ್ತದೆ. ನಮ್ಮಲ್ಲಿ ಆ ದರ ಕಾಲದೊಂದಿಗೆ ಬದಲಾಗುವುದರಿಂದ ಅದೇ ಕಟ್ಟಕಡೆಯ ಗಡಿಯಾಗುವುದಿಲ್ಲ. ದರ ಎಂದೂ ಬದಲಾಗದ ವಿಶ್ವವೊಂದನ್ನು ವಿಜ್ಞಾನಿಗಳಾದ ಬೊಂಡಿ, ಗೋಲ್ಡ್ ಮತ್ತು ಹಾಯ್ಲ್ 1948ರಲ್ಲಿ ಮಂಡಿಸಿದ್ದರು. ಸ್ಥಿರಸ್ಥಿತಿ ಸಿದ್ಧಾಂತವೆಂದು ಹೆಸರಾದ ಅದರಲ್ಲಿ ದೂರಗಳು ನನ್ನ ದಾರಿಗಳಂತೆಯೇ ನಿಶ್ಚಿತ ಅವಧಿಗೊಮ್ಮೆ ಇಮ್ಮಡಿಯಾಗುತ್ತವೆ, ತೆರವಾದ ಜಾಗದಲ್ಲಿ ಹೊಸ ದ್ರವ್ಯ ಹುಟ್ಟುತ್ತದೆ. ಹಾಯ್ಲ್ ಅವರ ಶಿಷ್ಯರಾಗಿ ಅದನ್ನು ಬೆಳೆಸಿದವರಲ್ಲಿ ಒಬ್ಬರು ಜಯಂತ ನಾರಳೀಕರ್. ಮುಂದೆ ಇದೇ ಪುಣೆಯಲ್ಲಿ ಖಗೋಳವಿಜ್ಞಾನದ ಸಂಶೋಧನೆಗೆಂದೇ ಇರುವ ಐಯುಕಾ ಸಂಸ್ಥೆಯನ್ನು ಕಟ್ಟಿ, ಮರಾಠಿಯಲ್ಲಿ ವಿಜ್ಞಾನ ಕಥೆಗಳನ್ನೂ ಬರೆದು, 2025ರಲ್ಲಿ ಇಲ್ಲಿಯೇ ತೀರಿಕೊಂಡರು. ವಿಶ್ವಕ್ಕೆ ಬಿಸಿಯಾದ ಆರಂಭವೊಂದಿತ್ತು ಎಂಬುದರ ಕುರುಹಾಗಿ ಆಕಾಶದ ಎಲ್ಲ ದಿಕ್ಕಿನಿಂದಲೂ ಬರುವ ಸೂಕ್ಷ್ಮತರಂಗ ವಿಕಿರಣ 1965ರಲ್ಲಿ ಬೆಳಕಿಗೆ ಬಂದಮೇಲೆ ಹೆಚ್ಚಿನ ವಿಜ್ಞಾನಿಗಳು ಸ್ಥಿರಸ್ಥಿತಿಯನ್ನು ಕೈಬಿಟ್ಟರು. ನನಗೆ ಆ ಸಿದ್ಧಾಂತದ ಬಗ್ಗೆ ಇಂದಿಗೂ ಅಪಾರ ಗೌರವ. ಅದು ನಮ್ಮ ವಿಶ್ವದ ವರ್ಣನೆಯಾಗದೆ ಹೋದರೂ ತನ್ನೊಳಗೆ ಎಲ್ಲೂ ಬಿರುಕಿಲ್ಲದ ಮತ್ತೊಂದು ವಿಶ್ವದ ವರ್ಣನೆಯಾಗಿ ನಿಂತಿದೆ. ಖಚಿತವಾದ ಲೆಕ್ಕವಿದ್ದುದರಿಂದಲೇ ಅದನ್ನು ಪರೀಕ್ಷೆಗೆ ಒಡ್ಡುವುದು ಸಾಧ್ಯವಾಯಿತು. ಮನಸ್ಸಿಗೆ ಬಂದಂತೆ ಕಟ್ಟಿದ ವಿಶ್ವವನ್ನು ಯಾರೂ ತಪ್ಪೆಂದು ತೋರಿಸಲಾರರು, ಅದು ತನ್ನ ಲೇಖಕನಿಗೂ ಎದುರಾಡಲಾರದು. ನನಗೆ ಎದುರಾಡುವ ವಿಶ್ವ ಬೇಕು.

ಈಗ ಬರೆಯುತ್ತಿರುವ ಕಥೆ ಹುಟ್ಟಿದ್ದೂ ಅಂಥ ಒಂದು ಎದುರುತ್ತರದಿಂದ. ದಾರಿ ಕೈತಪ್ಪಿದ ದಿನವೇ ಗುಡ್ಡದ ಮೇಲಿನ ದೀಪವೂ ಕಣ್ಮರೆಯಾಗಬೇಕೆಂದು ನಾನು ಬಯಸಿದ್ದೆ, ಲೆಕ್ಕ ಅದಕ್ಕೆ ಒಪ್ಪಲಿಲ್ಲ. ಬೆಳಕಿನ ವೇಗವನ್ನು ಅದೇ ಸೂತ್ರಕ್ಕೆ ಹಾಕಿದರೆ ಗಡಿ ಸುಮಾರು ಹತ್ತು ಬೆಳಕಿನ ದಿನಗಳಷ್ಟು ದೂರಕ್ಕೆ ಹೋಗುತ್ತದೆ, ಸಿಂಹಗಡ ಅದನ್ನು ದಾಟಲು 33 ವಾರ ಬೇಕು. ದೀಪದ ಪ್ರಕಾಶ ವಾರಕ್ಕೊಮ್ಮೆ ನಾಲ್ಕನೆಯ ಒಂದು ಭಾಗಕ್ಕೆ ಇಳಿಯುತ್ತದೆ ನಿಜ, ಆದರೂ ಒಳ್ಳೆಯ ದೂರದರ್ಶಕವಿದ್ದವರಿಗೆ ಅದು ಬಹುಕಾಲ ಕಾಣುತ್ತಿರುತ್ತದೆ. ಕಾಲ್ನಡಿಗೆಗೆ ಇರುವ ಗಡುವು 23 ದಿನ, ಎರಡೂ ಕಡೆಯಿಂದ ಹೊರಟರೆ 30. ಅದಾದಮೇಲೂ ತಿಂಗಳುಗಟ್ಟಲೆ ಆ ಎರಡು ಊರಿನವರು ದೀಪ ಆರಿಸಿ ಹೊತ್ತಿಸಿ ಒಬ್ಬರಿಗೊಬ್ಬರು ಸುದ್ದಿ ಕಳಿಸಬಲ್ಲರು. ಇನ್ನೆಂದೂ ಭೇಟಿಯಾಗಲಾರೆವೆಂದು ಇಬ್ಬರಿಗೂ ಖಚಿತವಾಗಿ ತಿಳಿದ ಆ ತಿಂಗಳುಗಳಲ್ಲಿ ಅವರು ಏನೇನು ಹೇಳಿಕೊಂಡಾರು ಎಂಬುದನ್ನು ಬರೆಯುವ ಕೆಲಸ ಈಗ ನಡೆದಿದೆ.